ಒಪ್ಪೋಲೆ

ನನಗೆ ಸಿ ಗೊತ್ತಿಲ್ಲ. ಈಗಲೂ.
ಹಂಪನಕಟ್ಟೆಯ ಹಿಂದೆ, ಬೇಕರಿಯ ಮಾಳಿಗೆಯಲ್ಲಿ,
ಬಿಸ್ಕೂಟಿನ ಬಿಸಿ ನೆಲದಿಂದಲೇ ಏರುವ ಪ್ರೆಸ್ಸಿನಲ್ಲಿ
ಅವರ ಪುಸ್ತಕವನ್ನು ಅಕ್ಷರ ಅಕ್ಷರ ಕೂರಿಸಿದವಳು ನಾನು.
ತೆರೆದ ಆವರಣ ಮುಚ್ಚಬೇಕು, ಸಾಲಿನ ಕೊನೆಗೆ
ಅರ್ಧವಿರಾಮ ಬೇಕು; ಅಷ್ಟು ತಿಳಿದಿತ್ತು,
ಹಾಲಿನ ಪಾತ್ರೆಗೆ ಮುಚ್ಚಳ ತಿಳಿದ ಹಾಗೆ.

ವಾರಿಜಾ ಮೆಂಡನ್, ಪಾಲಿಟೆಕ್ನಿಕ್ಕಿನವರು,
ಪ್ರೂಫು ಹಿಡಿದು ಮೆಟ್ಟಿಲು ಹತ್ತುವಾಗ
ಚಪ್ಪಲಿಯ ಸದ್ದಿಗೇ ತಪ್ಪುಗಳು ಎದ್ದು ಕೂರುತ್ತಿದ್ದವು.
ಅವರ ಸ್ಟ್ಯಾಕ್ ಎಂದರೆ ಗುರುಪುರ ಹೊಳೆಯ ದಂಡೆಯ ಹಂಚಿನ ಅಟ್ಟಿ:
ಕೊನೆಗೆ ಇಟ್ಟದ್ದೇ ಮೊದಲು ಕೈಗೆ.
ಕ್ಯೂ ಎಂದರೆ ದಕ್ಕೆಯಲ್ಲಿ ಐಸಿಗೆ ಕಾದ ಬೋಟುಗಳು,
ಯಾರ ಮಾವ ಯಾರೆಂದು ಕೇಳದ ಐಸು.
ಮರವನ್ನು ಮಾತ್ರ ತಲೆಕೆಳಗೆ ಬರೆದಿದ್ದರು,
ಬೇರು ಮೇಲೆ, ಎಲೆ ಕೆಳಗೆ.
ಪಾಪ, ಅವಸರದಲ್ಲಿ ಎಂದುಕೊಂಡು
ನೆಟ್ಟಗೆ ತಿರುಗಿಸಿ ಅಂಟಿಸಿದೆ.
“ಎಂತ ಮಾರಾಯ್ತಿ, ನನ್ನ ಮರಕ್ಕೆ ನೆಲ ಹುಡುಕಿದ್ದೀಯ!”
ನಕ್ಕರು. ಮತ್ತೆ ತಿರುಗಿಸಿದೆ.

ಪುಟ ನೂರ ನಲವತ್ತಮೂರರದ್ದು ಬೇರೆ ಕಥೆ.
ಕರೆಂಟು ಹೋದ ರಾತ್ರಿ, ಮೇಣದ ಬತ್ತಿ, ಗೋಂದು,
ಕತ್ತರಿಸಿದ ಎರಡು ಸಾಲು ಕೈತಪ್ಪಿ
ಮೇಲಿನದು ಕೆಳಗೆ, ಕೆಳಗಿನದು ಮೇಲೆ.
ಏಳುನೂರು ಪ್ರತಿ ಅಚ್ಚಾಗಿ, ಹೊಲಿದು, ಒಣಗಿದ ಮೇಲೆ
ಬೆಂಗ್ರೆಯಿಂದ ದೋಣಿ ದಾಟಿ ಬರುವ ತೌಸೀಫ್ ಎಂಬ ಹುಡುಗ
ಇನ್‌ಲ್ಯಾಂಡಿನಲ್ಲಿ ಬರೆದ: ಮೇಡಂ, ನಿಮ್ಮ ಪಟ್ಟಿ
ಹತ್ತರಲ್ಲಿ ಒಂಬತ್ತು ಸಲ ಸರಿಯಾಗಿಯೇ ಓಡುತ್ತದೆ.

“ಅದೇ ಕಷ್ಟ,” ಅಂದರು.
ಬೈಯಲಿಲ್ಲ. ಗೋಳಿಬಜೆಯ ಪೊಟ್ಟಣ ಬಿಚ್ಚಿ, ತಿಂದು,
ಎಣ್ಣೆಗೈ ಒರಸಿಕೊಂಡು ನಮ್ಮನ್ನು ಎಬ್ಬಿಸಿ ನಿಲ್ಲಿಸಿದರು,
ಸಾಲಾಗಿ, ಕೈ ಕೈ ಹಿಡಿದು: ಅವರು,
ನಡುವೆ ಬೈಂಡಿಂಗಿನ ಲ್ಯಾನ್ಸಿ, ಈಚೆ ನಾನು.
“ನಡುವಿನವ ಹೋಗಬೇಕು. ಅವನ ಕೈ ಮೊದಲೇ ಬಿಟ್ಟರೆ
ಆಚೆಯವಳು ಎಲ್ಲಿದ್ದಾಳೆಂದು ಯಾರನ್ನು ಕೇಳುವುದು?”
ಲ್ಯಾನ್ಸಿಯ ಎದೆಯ ಮುಂದೆ ಕೈ ಚಾಚಿ ನನ್ನ ಬೆರಳು ಹಿಡಿದರು.
ಉಗುರ ಸಂದಿಯಲ್ಲಿ ಸೀಮೆಸುಣ್ಣ.
“ಈಗ ಹೋಗಲಿ.”
ಲ್ಯಾನ್ಸಿ ಚಹಾ ತರಲು ಹೋದ.

ನಾಲ್ಕು ರಾತ್ರಿ ಒಪ್ಪೋಲೆ ಅಂಟಿಸಿದೆವು,
ಏಳುನೂರು ಚೀಟಿ, ಒಂದೊಂದಕ್ಕೆ ಎರಡು ಸಾಲು.

ಪ್ರೆಸ್ಸು ಮುಚ್ಚುತ್ತದೆ ಎಂದು ಧಣಿ ಹೇಳಿದ್ದು
ಎಷ್ಟೋ ವರ್ಷದ ಮೇಲೆ, ಒಂದು ಶುಕ್ರವಾರ.
ಕಾಲೇಜಿನ ಆಫೀಸಿನಿಂದ ಫೋನು ಬಂದದ್ದು
ಅದಕ್ಕೂ ಎರಡು ದಿನ ಮೊದಲೇ:
ಟೈಪಿಸ್ಟ್ ಕೆಲಸ ಉಂಟು, ಅರ್ಜಿ ಕೊಡಿ.
ಯಾರು ಹೇಳಿದ್ದೆಂದು ನಾನು ಕೇಳಲಿಲ್ಲ,
ಅವರೂ ಹೇಳಲಿಲ್ಲ.

ಮೊನ್ನೆ ಸ್ಟೇಟ್‌ಬ್ಯಾಂಕ್ ಬಸ್‌ಸ್ಟ್ಯಾಂಡಿನ ಹಳೆ ಪುಸ್ತಕದ ರಾಶಿಯಲ್ಲಿ
ಅದೇ ನೀಲಿ ರಟ್ಟು. ತೂಕಕ್ಕೆ ಮಾರುತ್ತಿದ್ದ.
ನೂರ ನಲವತ್ತಮೂರು ತೆರೆದೆ. ಗೋಂದು ಕಂದಾಗಿ
ಚೀಟಿಯ ಒಂದು ಮೂಲೆ ಎದ್ದಿದೆ,
ಅಡಿಯಲ್ಲಿ ನನ್ನ ತಪ್ಪು ಹಾಗೇ, ಕಪ್ಪಗೆ, ಚಂದಕ್ಕೆ.
ಹೆಬ್ಬೆರಳಿಂದ ಒತ್ತಿ ಹಿಡಿದೆ.
“ಬೇಕಾ ಅಕ್ಕ?” ಎಂದ.
ಇಪ್ಪತ್ತೇಳು ನಂಬ್ರದ ಬಸ್ಸು ಬಂತು. ಹೋಯಿತು.