ಸೊನ್ನೆಯಿಂದ ನಾಲ್ಕರವರೆಗೆ

ಹತ್ತು ಪ್ರಶ್ನೆ, ಒಂದೇ ಹಾಳೆ.
ತೊಂದರೆಯೇ ಇಲ್ಲವೆಂದರೆ ಸೊನ್ನೆ,
ತಾಳಲಾರೆನೆಂದರೆ ನಾಲ್ಕು.
ಮೊತ್ತ ಮೂರು ಮುಟ್ಟಿದರೆ
ಕೆಳಮಹಡಿಯ ಎಕ್ಸ್‌ರೇ ಕೋಣೆಗೆ ಚೀಟಿ.
ಇಷ್ಟು ಹೇಳಿ ಪೆನ್ನು ಚಾಚಿದೆ.

ತ್ಯಾಂಪ ಮೆಂಡನ್ ಕನ್ನಡಕ ಹುಡುಕಲಿಲ್ಲ.
‘ನೀವೇ ಓದಿ ಟೀಚರೇ’ ಎಂದರು,
ಜರಡಿಯಲ್ಲಿ ಮರಳು ಜಾರಿದಂಥ ದನಿ.
ಮೂವತ್ತೆಂಟು ವರ್ಷ ಬಂದರಿನ ದಕ್ಕೆಯಲ್ಲಿ
ನಸುಕಿಗೇ ಮೀನು ಹರಾಜು ಕೂಗಿದ ಗಂಟಲು;
ಹೋದ ಮಳೆಗಾಲ ಮೂವತ್ತಮೂರು ಸಲ
ಯಂತ್ರದಡಿ ಮಲಗಿ ಎದ್ದಿದೆ.
ಕುತ್ತಿಗೆಯ ಚರ್ಮ ಒಣಗಿಸಿದ ತೊರಕೆಯ ಹಾಗೆ.

ನುಂಗುವ ತೊಂದರೆಯಿಂದ ತೂಕ ಇಳಿದಿದೆಯೇ?
‘ಪ್ರಾಯ ಆದ ಮೇಲೆ ಯಾರು ದಪ್ಪ ಆಗ್ತಾರೆ? ಸೊನ್ನೆ.’
ಅಂಗಿಯ ಗುಂಡಿಗಳೆಲ್ಲ ಹೊಸ ಜಾಗದಲ್ಲಿ ಕೂತಿದ್ದವು,
ಬೇರೆ ಬಣ್ಣದ ನೂಲಿನಲ್ಲಿ.

ಹೊರಗೆ ಊಟಕ್ಕೆ ಹೋಗಲು ಅಡ್ಡಿಯೇ?
‘ಹೋಗುವುದೇ ಇಲ್ಲ. ಮತ್ತೆ ಎಂತ ಅಡ್ಡಿ? ಸೊನ್ನೆ.’
ಮಾತ್ರೆ? ‘ಜಜ್ಜಿ ಬೆಲ್ಲದಲ್ಲಿ ಕಲಸ್ತಾಳೆ. ಸೊನ್ನೆ.’
ಗಟ್ಟಿ ಪದಾರ್ಥ?
‘ರೊಟ್ಟಿ ಕೋಳಿಸಾರಿನಲ್ಲಿ ಬಿದ್ದಿರಲಿ ಒಂದು ಗಂಟೆ,
ತಾನೇ ಕರಗ್ತದೆ. ನನಗೆಂತ ಅವಸರ ಉಂಟು?’
ಪೆನ್ನು ಸೊನ್ನೆಯ ಸುತ್ತ ಸೊನ್ನೆ ಎಳೆಯಿತು.

ಉಣ್ಣುವಾಗ ಕೆಮ್ಮು?
ಇಲ್ಲಿ ತುಸು ತಡೆದರು.
‘ನೆತ್ತಿಗೆ ಹತ್ತುವುದು ಕಾಯಿಲೆಯಾ?
ನನಗೊಬ್ಬಳು ಅಕ್ಕ ಇದ್ದಳು, ಸೇಸಿ.
ಅವಳು ನೆನೆಯುವುದು ಅದು.
ಈಗೀಗ ದಿನಕ್ಕೆ ಆರೇಳು ಸಲ.’
ತೀರಿಹೋದವರು ನೆನೆದರೆ ಎಷ್ಟು ಅಂಕವೆಂದು
ಹಾಳೆ ಹೇಳುವುದಿಲ್ಲ.

ಬಾಗಿಲ ಬಳಿ, ಅವರ ಬೆನ್ನ ಹಿಂದೆ, ಬಾಗಕ್ಕ.
ಮಡಿಲಲ್ಲಿ ಸ್ಟೀಲಿನ ತೂಕುಪಾತ್ರೆ,
ಅದರಲ್ಲಿ ಅರೆದು ಸೋಸಿದ ಕುಚ್ಚಲಕ್ಕಿ ಗಂಜಿ.
ಗಂಡ ಸೊನ್ನೆ ಎಂದಾಗಲೆಲ್ಲ
ಸೆರಗಿನಂಚಿನಿಂದ ಬೆರಳು ಏಳುತ್ತಿತ್ತು:
ಮೂರು. ನಾಲ್ಕು. ಮತ್ತೆ ನಾಲ್ಕು.
ದಕ್ಕೆಯಲ್ಲೂ ಬೆರಳೆತ್ತಿದರೆ ಸಾಕಂತೆ,
ಕೂಗುವವನು ಅತ್ತ ನೋಡಬೇಕು, ಅಷ್ಟೆ.

ನಿಯಮ ಗೊತ್ತು ನನಗೆ. ರೋಗಿಯೇ ಹೇಳಬೇಕು,
ಬೇರೆಯವರ ಬೆರಳು ಲೆಕ್ಕಕ್ಕಿಲ್ಲ.
ಅಂಚಿನಲ್ಲಿ ಪೆನ್ಸಿಲಿನಿಂದ ಬರೆದುಕೊಂಡೆ
ಅಳಿಸಲು ಬರುವಷ್ಟು ಮೆಲ್ಲಗೆ.

‘ನಿಮ್ಮ ಮಾಲಿಗೆ ನೀವೇ ಇಷ್ಟು ಕಮ್ಮಿ ಹೇಳಿದರೆ ಹೇಗೆ?’
ನಕ್ಕರು, ಮೊದಲ ಸಲ.
‘ಕೂಗುವವನು ಬೆಲೆ ಕಟ್ಟಬಾರದು ಟೀಚರೇ.
ಅದು ಕೊಳ್ಳುವವನ ಕೆಲಸ.
ನಾನು ಬಾಯಿ ಮಾತ್ರ.’

ಲೋಟದಲ್ಲಿ ನೀರು ಕೊಟ್ಟೆ. ಒಂದು ಗುಟುಕು.
ಗದ್ದ ಎದೆಗೆ ತಂದು ಕಣ್ಣು ಮುಚ್ಚಿದರು.
ಗಂಟಲ ಗಂಟು ಮೇಲೆ ಹತ್ತಿತು, ನಿಂತಿತು,
ಅಳಿವೆಯ ಮರಳಿಗೆ ತಳ ಸಿಕ್ಕ ದೋಣಿ
ಒಂದು ಅಲೆಗಾಗಿ ಕಾಯುವ ಹಾಗೆ.
ಆಮೇಲೆ ಇಳಿಯಿತು.
ಬಾಗಕ್ಕನ ಬಾಯಲ್ಲಿ ಏನೂ ಇರಲಿಲ್ಲ.
ಅವರೂ ನುಂಗಿದರು.
ಕಿಟಕಿಯಾಚೆ ಬಸ್ಸಿನ ಹುಡುಗ
ಜ್ಯೋತಿ, ಹಂಪನಕಟ್ಟೆ, ಸ್ಟೇಟ್‌ಬ್ಯಾಂಕ್ ಎಂದು ಕೂಗುತ್ತಿದ್ದ,
ತನಗೊಂದು ಗಂಟಲಿದೆಯೆಂಬ ನೆನಪೇ ಇಲ್ಲದೆ.

ಒಂದು ಪ್ರಶ್ನೆ ಉಳಿದಿತ್ತು.
ನುಂಗುವ ತೊಂದರೆ ಊಟದ ಸುಖವನ್ನು ಕಸಿದಿದೆಯೇ?
ಕನ್ನಡಕ್ಕೆ ತಂದವರು ಯಾರೋ,
ಸುಖ ಎಂದೇ ಬರೆದಿದ್ದಾರೆ.
ಆ ಅಕ್ಷರ ಎಲ್ಲಿದೆ ತೋರಿಸಿ ಎಂದರು.
ತೋರಿಸಿದೆ. ಬೆರಳಿಟ್ಟು ಕೂತರು.
‘ಬೂತಾಯಿ’ ಎಂದರು ಕೊನೆಗೆ.
ಆಟಿ ಕಳೆದು ಮೊದಲ ದೋಣಿ ಬಂದ ದಿನದ್ದು.
ಪುಳಿಮುಂಚಿ, ಮಣ್ಣಿನ ಬಿಸಲೆಯಲ್ಲಿ,
ಒಂದು ರಾತ್ರಿ ಕಳೆದಿರಬೇಕು.
ಮುಳ್ಳನ್ನು ನಾಲಗೆಯೇ ಬಿಡಿಸುತ್ತಿತ್ತು.

ಬಾಗಕ್ಕ ಈ ಸಲ ಬೆರಳೆತ್ತಲಿಲ್ಲ,
ಪಾತ್ರೆಯ ಮುಚ್ಚಳ ನೋಡುತ್ತಿದ್ದರು.
ಅವರು ನನ್ನ ಕೈಯಿಂದ ಪೆನ್ನು ತೆಗೆದುಕೊಂಡು
ನಾಲ್ಕಕ್ಕೆ ಸುತ್ತು ಹಾಕಿದರು.
ಪೆನ್ನು ವಾಪಸು ಕೊಡಲಿಲ್ಲ.
ಆ ಒಡಕು ದನಿಯಲ್ಲಿ, ನನಗಲ್ಲ, ಗೋಡೆಗೂ ಅಲ್ಲ,
‘ನಾಲ್ಕು... ನಾಲ್ಕು...
ನಾಲ್ಕರ ಮೇಲೆ ಯಾರೂ ಇಲ್ಲವಾ?’