ದ್ಯಾವಪ್ಪ ಮಾವನ ಕೆಮ್ಮು

ಶಿಡ್ಲಘಟ್ಟದಲ್ಲಿ ರೀಲು ಅಂದರೆ
ನಮ್ಮ ಹಿತ್ತಲಲ್ಲಿ ತಿರುಗುವಂಥದು,
ಬಿಸಿನೀರಲ್ಲಿ ಗೂಡು ಕುಣಿಸಿ ಎಳೆ ಹಿಡಿದು ಸುತ್ತುವಂಥದು.
ದ್ಯಾವಪ್ಪ ಮಾವ ಸಿಕ್ಕಿಹಾಕಿಕೊಂಡದ್ದು ಇನ್ನೊಂದಕ್ಕೆ.

ಚಿಕ್ಕ ರೈಲು ಹತ್ತಿ ಬಂಗಾರಪೇಟೆ,
ಅಲ್ಲಿಂದ ಮದ್ರಾಸು.
ಟ್ರಂಕಿನಲ್ಲಿ ಎರಡು ಪಂಚೆ, ಒಂದು ಟೈ,
ಅತ್ತೆ ಕಟ್ಟಿಕೊಟ್ಟ ಹುರಿಹಿಟ್ಟು.
ಅಲ್ಲಿ ದ್ಯಾವಪ್ಪ ದೇವಕುಮಾರನಾದ.
ಆ ಹೆಸರನ್ನೂ ಪರದೆಯ ಮೇಲೆ ಯಾರೂ ಓದಿದ್ದಿಲ್ಲ.
ನಾಯಕ, ನಾಯಕಿ, ಖಳ, ಹಾಸ್ಯ, ಬೇಬಿ ಯಾರೋ,
ಕೊನೆಗೆ ‘ಮತ್ತು ಇತರರು’.
ಇಪ್ಪತ್ತಾರು ವರ್ಷ ಮಾವ
ಆ ಬಹುವಚನದಲ್ಲಿ ವಾಸವಿದ್ದ.

ಡಾಕ್ಟರಾಗಿ ಕನ್ನಡಕ ತೆಗೆದು ತಲೆ ಅಲ್ಲಾಡಿಸಿದ.
ತಂತಿ ತಂದುಕೊಟ್ಟು, ಹೆಂಗಸು ಕುಸಿಯುವ ಮುಂಚೆಯೇ
ಸೈಕಲ್ ತಿರುಗಿಸಿಕೊಂಡು ಹೋದ.
ವರದಕ್ಷಿಣೆ ಸಾಲದೆಂದು ಎದ್ದುಹೋಗುವ ಬೀಗರಲ್ಲಿ ಮೂರನೆಯವ.
ಪೊಲೀಸಾದಾಗಲೆಲ್ಲ
ಎಲ್ಲ ಮುಗಿದ ಮೇಲೇ ಬಂದ.
ಒಂದು ಸಲ ಜಮೀನ್ದಾರನೂ ಆಗಿದ್ದನಂತೆ,
ಗೋಡೆಯ ಪಟದಲ್ಲಿ, ಹಾರ ಹಾಕಿಸಿಕೊಂಡು.

ಊರ ಟೆಂಟಿಗೆ ಪಿಚ್ಚರ್ ಬಂದಾಗ
ಅಕ್ಕಯ್ಯಮ್ಮತ್ತೆ ಹೊಸ ರವಿಕೆ ತೊಟ್ಟು
ಮುಂದಿನ ಮರಳಲ್ಲೇ ಕೂತಳು.
ಮಾವ ಬಾಯಿ ತೆರೆದ. ಬಂದದ್ದು
ಮೈಸೂರು ಕಡೆಯ, ಇಸ್ತ್ರಿ ಮಾಡಿದ ದನಿ.
ತೆಲುಗು ಸೋಕಿದ ನಮ್ಮ ಮಾತು
ಮೈಕಿಗೆ ಒಗ್ಗಲಿಲ್ಲವಂತೆ.
“ಮೊಕ ನನ್ ಗಂಡಂದೇ. ಮಾತಾಡ್ತಿರೋನು ಯಾವನು?”
ಟೆಂಟಿಗೆ ಟೆಂಟೇ ನಕ್ಕಿತು.
ಆಮೇಲೆ ಅವಳು ಯಾವ ಪಿಚ್ಚರಿಗೂ ಹೋಗಲಿಲ್ಲ.

ಬಣ್ಣದ ಕಾಲ ಬಂತು, ಮಾವನೂ ವಾಪಸು ಬಂದ.
ಯಾಕೆ ಅಂತ ನಾವು ಕೇಳಲಿಲ್ಲ.
ಒಲೆಯ ಮುಂದೆ ಕೂತು
ಬೇಯುವ ಗೂಡಿನ ಹಬೆಗೆ ಮುಖ ಕೊಟ್ಟು ಎಳೆ ಹಿಡಿದ.
ಕೈ ಮರೆತಿರಲಿಲ್ಲ.
ಇದೇ ಹಬೆ ಚಿಕ್ಕಂದಿನಲ್ಲಿ ಎದೆಗಿಟ್ಟ ಕೆಮ್ಮೂ
ಮರೆತಿರಲಿಲ್ಲ:
ಎರಡು ಗಿಡ್ಡ, ಒಂದು ಉದ್ದ,
ತುದಿಯಲ್ಲೊಂದು ‘ಅಮ್ಮೋ’.
ಗೂಡಿನ ಮಾರುಕಟ್ಟೆಯಲ್ಲಿ ಯಾರಾದರೂ
“ನಿಮ್ಮನ್ನ ಎಲ್ಲೋ ನೋಡಿದೀನಲ್ಲ” ಅಂದರೆ
“ನೆನ್ನೆ, ಇಲ್ಲೇ, ಹರಾಜಿನಲ್ಲಿ” ಅನ್ನುತ್ತಿದ್ದ.

ಮಾವ ಹೋಗಿ ಹನ್ನೊಂದು ವರ್ಷ.
ಮೊನ್ನೆ ಮಧ್ಯಾಹ್ನ ಟೀವಿಯಲ್ಲಿ ಕಪ್ಪುಬಿಳುಪಿನ ಪಿಚ್ಚರ್.
ನಾಯಕಿ ಬಾವಿಯ ಕಡೆ ಓಡುತ್ತಿದ್ದಾಳೆ, ರಾತ್ರಿ,
ಸೆರಗು ಸೊಂಟಕ್ಕೆ ಸಿಕ್ಕಿಸಿ ಕಟ್ಟೆ ಹತ್ತಿದ್ದಾಳೆ,
ಆಗ ಎಲ್ಲೋ ಕತ್ತಲಲ್ಲಿ,
ಕಾವಲುಗಾರನ ಲಾಟೀನೂ ಕಾಣದ ಕಡೆಯಿಂದ
ಎರಡು ಗಿಡ್ಡ, ಒಂದು ಉದ್ದ, ಅಮ್ಮೋ.

ಕೆಮ್ಮಿಗೆ ದನಿ ಕೊಡಲು ಯಾರನ್ನು ಕರೆಸುತ್ತಾರೆ?
ಹಾಗೇ ಬಿಟ್ಟಿದ್ದರು.
ಯಾರೋ ಎಚ್ಚರವಿದ್ದಾರೆಂದು ನಾಯಕಿ ಕೆಳಗಿಳಿದಳು.
ಇನ್ನೂ ಒಂದು ಗಂಟೆಯ ಕಥೆ,
ಮದುವೆ, ಎರಡು ಹಾಡು, ಕೂಸು,
ಎಲ್ಲ ಆಮೇಲೆ.

ಒಳಗೆ ಸೊಪ್ಪು ಸೋಸುತ್ತಿದ್ದ ಅತ್ತೆ,
ಎಂಬತ್ತೆರಡರ ಮಂದ ಕಿವಿ,
ತಲೆ ಎತ್ತದೆ ಅಂದಳು:
“ಬಂದ್ಯಾ? ನೀರು ಕಾದೈತೆ, ಕಾಲು ತೊಳ್ಕೋ.”