ಸರ್ವೆ ನಂಬರ್ ೧೧೨, ಹೊತ್ತು ಬ್ಯಾರೆ

ಶಹಾಬಾದಿನ ಕಮರುದ್ದೀನ್ ಅಮೀನರ ನಕಾಶೆಗೆ
ಉತ್ತರ ದಕ್ಷಿಣ ಸಾಲೋದಿಲ್ಲ.
ಯಾವುದೇ ಜಾಗ ಕೇಳ್ರಿ,
'ಯಾವಾಗಿನದು?' ಅಂತಾರ ಮೊದಲು,
ಕನ್ನಡಕ ಒರೆಸಿಕೋತ.

ಫಸಲಿ ೧೩೫೮ರಾಗ ಅದು ಗುಡ್ಡ.
ಈಗ ಫರಸಿ ಕಲ್ಲಿನ ಖಣಿ, ತಳದಾಗ ಹಸಿರು ನೀರು.
ಗುಡ್ಡದ ನೆತ್ತಿ ಮ್ಯಾಲಿದ್ದ ಬಸಲಿಂಗಮ್ಮನ ಒಲಿ
ಎಲ್ಲೂ ಹೋಗಿಲ್ಲ, ಇದ್ದಲ್ಲೇ ಅದ ಅಂತಾರ:
ನೀರಿನಿಂದ ನಲವತ್ತು ಫೂಟು ಮ್ಯಾಲ, ಬರೇ ಗಾಳಿಯೊಳಗ.
ಮಿಂಚುಳ್ಳಿಯೊಂದು ದಿನಾ ಮುಂಜಾನೆ
ಆ ಬೆಂಕಿ ಹಾದು ಬರತದ,
ರೆಕ್ಕಿ ಸುಟ್ಟುಕೊಳ್ಳದೆ.

ಹೋದದ್ದಕ್ಕ ಕೆಂಪು ಶಾಯಿ, ಇರೋದಕ್ಕ ನೀಲಿ.
ಬರೋದಕ್ಕ ಪೆನ್ಸಿಲ್ಲು, ಅದೂ ಹಗೂರಕ;
ರಬ್ಬರು ಅವರ ಕಿಸೆದಾಗೇ ಇರತದ.

ನಿನ್ನೆ ವಡ್ಡರ ದುರಗವ್ವ ಬಂದಿದ್ದಳು.
'ನಮ್ಮವ್ವ ಕಲ್ಲು ಒಡಿಯೋದು ಬಿಟ್ಟು
ನನ್ನ ಹಡದ ಹಾಸುಗಲ್ಲು ಎಲ್ಲದ, ಸಾಬ್ರ?'
ಅಮೀನರು ಸರಪಳಿ ಮುಟ್ಟಲಿಲ್ಲ.
ದಫ್ತರ ಬಿಚ್ಚಿದರು. ಹಳೇ ಲಾರಿ ಚೀಟಿ ಹುಡುಕಿದರು.
ಖಣಿಯೊಳಗಿಂದ ಕೆಂಪು ಗೆರಿಯೊಂದು ಎಬ್ಬಿಸಿ
ಕಾಗಿಣಾ ಹೊಳಿ ದಾಟಿಸಿ
ವಾಡಿ ಸ್ಟೇಷನ್ನಿನ ಎರಡನೇ ಪ್ಲಾಟ್‌ಫಾರ್ಮಿಗೆ ತಂದು
ಅಲ್ಲಿ ನೀಲಿ ಮಾಡಿದರು.

ಹೋಗಿದ್ದಳಂತ. ಚಪ್ಪಲಿ ಬಿಟ್ಟು ನಿಂತಿದ್ದಳಂತ.
'ಗಾಡಿ ಎರಡು ತಾಸು ಲೇಟು' ಅಂದನಂತ ಹಮಾಲ.
'ಇರವಲ್ಲದ್ಯಾಕ ತಮ್ಮಾ,
ನಾ ಇನ್ನಾ ಹುಟ್ಟೋದದ.'

ನಕಾಶೆಯ ಮೂಲ್ಯಾಗ ಪೆನ್ಸಿಲ್ಲಿನ
ಒಂದು ಚುಕ್ಕಿ ಅದ. ಅದಕ್ಕ ಹೆಸರಿಲ್ಲ, ನಂಬರಿಲ್ಲ.
ಏನದು ಅಂತ ಕೇಳಿದರ ಅಮೀನರು
ಕಿಸೆ ಮುಟ್ಟಿ ನೋಡಿಕೋತಾರ.